ಜಾರ್ಜಿಯಾದಲ್ಲಿ ಬರೆದ ಚೇಳು

ಡೊಂಬಿವಲಿ

ಜಾರ್ಜಿಯಾಕ್ಕೆ ಹೊರಟಿದ್ದೇನೆ ಎಂದಾಗ ಅಮ್ಮ ಮೊದಲು ಕೇಳಿದ್ದು ಅಲ್ಲಿ ಕುಚ್ಚಲಕ್ಕಿ ಸಿಗುತ್ತದೋ ಇಲ್ಲವೋ ಎಂದು. ಆಮೇಲೆ ಧ್ವನಿ ಇಳಿಸಿ, "ಅಲ್ಲಿಯೂ ಅದೇ ಕೆಲಸವಾ?" ಎಂದಳು. ಸತ್ತ ಇಲಿಯನ್ನು ಬಾಲ ಹಿಡಿದು ಎತ್ತುವ ಹಾಗೆ ಆ 'ಅದೇ' ಎಂಬುದನ್ನು ಎತ್ತಿ ಹೊರಗೆ ಹಾಕಿದಳು.

ಹೌದು, ಅದೇ ಕೆಲಸ. ಸಿನೆಮಾದಲ್ಲಿ ಹೊಡೆದಾಟವಿದ್ದರೆ ಯಾರ ಮೂಗೂ ನಿಜವಾಗಿ ಒಡೆಯದ ಹಾಗೆ ನೋಡಿಕೊಳ್ಳಲು ಫೈಟ್ ಮಾಸ್ಟರ್ ಇರುತ್ತಾನಲ್ಲ? ಅಪ್ಪುಗೆ, ಮುತ್ತು, ಹಾಸಿಗೆ ಇರುವ ದೃಶ್ಯಗಳಿಗೆ ನಾನು ಹಾಗೆ. ಇಂಟಿಮಸಿ ಕೋಆರ್ಡಿನೇಟರ್ ಎನ್ನುತ್ತಾರೆ. ಯಾರ ಕೈ ಎಲ್ಲಿಯವರೆಗೆ ಹೋಗಬಹುದು, ಎಲ್ಲಿ ನಿಲ್ಲಬೇಕು, ಕ್ಯಾಮೆರಾಕ್ಕೆ ಏನು ಕಾಣಬಹುದು, ಏನು ಕಾಣಬಾರದು ಎಂಬುದನ್ನು ನಟ ನಟಿಯರ ಬಾಯಿಯಿಂದಲೇ ಮೊದಲು ಕೇಳಿಕೊಳ್ಳುವುದು, ಶೂಟಿಂಗಿನ ದಿನ ಆ ಮಾತು ಮೀರದಂತೆ ಕಾಯುವುದು. ಮೊದಲು ನಾನು ಮುಂಬೈ ಪಕ್ಕದ ಠಾಣೆಯ ಸೀರಿಯಲ್ ಸ್ಟುಡಿಯೋಗಳಲ್ಲಿ ಸೀರೆ ಉಡಿಸುವ ಕೆಲಸದಲ್ಲಿದ್ದೆ. ಹೊಸ ಹುಡುಗಿಯರು ಮೇಕಪ್ ಕೋಣೆಯಲ್ಲಿ ನನ್ನ ಹೆಗಲ ಮೇಲೆ ಅತ್ತದ್ದು ಸಾಕಾಗಿ ಈ ತರಬೇತಿ ಮಾಡಿಕೊಂಡೆ. ಅಮ್ಮ ಮಾತ್ರ ಬಿಲ್ಡಿಂಗಿನವರಿಗೆ "ಮಗಳು ಡ್ಯಾನ್ಸ್ ಕಲಿಸುದು" ಎಂದು ಹೇಳಿಕೊಂಡು ಬಂದಿದ್ದಾಳೆ. "ನಿಜ ಹೇಳಿದರೆ ಎಂಥ ಆಗ್ತದೆ?" ಎಂದು ನಾನು ಜಗಳಕ್ಕೆ ನಿಂತರೆ, "ಮಾರಾಯ್ತಿ, ನಿಂಗೆ ಎಂಥದೂ ಆಗ್ಲಿಕ್ಕಿಲ್ಲ. ನೀನು ಐರೋಲಿಯಲ್ಲಿ ಇರುದು. ಇಲ್ಲಿ ನೀರು ಹಿಡೀಲಿಕ್ಕೆ ಕ್ಯೂ ನಿಲ್ಲುದು ನಾನು" ಎನ್ನುತ್ತಾಳೆ.

ನೋಡಲೇಬೇಕಾದ ಕೋಟೆ, ಚರ್ಚು, ಬೆಟ್ಟಗಳ ವಿವರ ಬೇಕಾದವರು ಬೇರೆ ಯಾರದ್ದಾದರೂ ಬರಹ ಓದಿಕೊಳ್ಳಿ. ನಾನು ಅಲ್ಲಿಗೆ ಹೋದದ್ದು ಒಬ್ಬ ಹುಡುಗಿಯ ಮಾತು ಕಾಯಲಿಕ್ಕೆ. ಅದು ಏನಾಯಿತು ಎಂಬುದನ್ನಷ್ಟೇ ಹೇಳುತ್ತೇನೆ.

ವಾಗ್ಳೆ ಎಸ್ಟೇಟ್

ಹುಡುಗಿಯ ಹೆಸರು ಭಾಗ್ಯ. ವಿಠ್ಠಲವಾಡಿಯ ಚಾಳಿನಲ್ಲಿ ಹುಟ್ಟಿ ಬೆಳೆದವಳು. ಅಪ್ಪ ಸೇಡಂ ಕಡೆಯವನು, ಕಲ್ಯಾಣದ ಮಾರ್ಕೆಟ್ಟಿನಲ್ಲಿ ಹಮಾಲಿ. ತಾಯಿ ಮನೆಯಲ್ಲೇ ಕೂತು ಉಲ್ಲಾಸನಗರದ ಜೀನ್ಸ್ ಪ್ಯಾಂಟುಗಳ ದಾರ ಕತ್ತರಿಸುವವಳು. ಕೂಲಿಕಾರರ ಮನೆಯ ಹುಡುಗಿಯೊಬ್ಬಳು ಮನೆಗೆಲಸಕ್ಕೆಂದು ಪರದೇಶಕ್ಕೆ ಹೋಗಿ ಅಲ್ಲಿ ಪ್ರೀತಿಯಲ್ಲಿ ಬೀಳುವ ವೆಬ್ ಸೀರೀಸು ಅದು. ಭಾಗ್ಯಳೇ ನಾಯಕಿ, ಮೊದಲ ದೊಡ್ಡ ಪಾತ್ರ.

ಹೊರಡುವ ಮೊದಲು ವಾಗ್ಳೆ ಎಸ್ಟೇಟಿನಲ್ಲಿ, ಮುಚ್ಚಿದ ಫ್ಯಾಕ್ಟರಿಯೊಂದರ ಮೇಲಿನ ಹಾಲ್‌ನಲ್ಲಿ ತಾಲೀಮು ಇಟ್ಟುಕೊಂಡೆವು. ಪಕ್ಕದ ವರ್ಕ್‌ಶಾಪಿನ ಲೇಥ್ ಮಷಿನ್ನಿನ ಸದ್ದಿಗೆ ಕಿಟಕಿಯ ಗಾಜು ನಡುಗುತ್ತಿತ್ತು. ನನ್ನ ಪದ್ಧತಿ ಇಷ್ಟೇ: ನಾಯಕ ನಾಯಕಿಯರು ಎದುರುಬದುರು ನಿಲ್ಲಬೇಕು. ಅವನ ಮಣಿಕಟ್ಟು ಹಿಡಿದು, ಅವನ ಅಂಗೈಯನ್ನು ಅವಳೇ ತನ್ನ ಮೈಮೇಲೆ ಎಲ್ಲೆಲ್ಲಿ ಆಗಬಹುದೋ ಅಲ್ಲಲ್ಲಿ ಇಟ್ಟು ತೋರಿಸಬೇಕು. ಆಗದ ಕಡೆ ಅವಳ ಕೈ ಅವನ ಕೈಯನ್ನು ಒಯ್ಯುವುದಿಲ್ಲ. ಆಮೇಲೆ ಅವನ ಸರದಿ. ಬಾಯಿಬಿಟ್ಟು ಹೇಳಲು ನಾಚುವವರು ಕೂಡ ಹೀಗೆ ಸ್ಪಷ್ಟವಾಗಿ ಹೇಳುತ್ತಾರೆ. ನಾಯಕ ಒಳ್ಳೆಯ ಹುಡುಗ. ಅಂಗೈ ಬೆವರುತ್ತದೆಂದು ನಡುನಡುವೆ ಪ್ಯಾಂಟಿಗೆ ಒರೆಸಿಕೊಳ್ಳುತ್ತಿದ್ದ.

ಭಾಗ್ಯ ಅವನ ಕೈಯನ್ನು ಕೆನ್ನೆ, ಭುಜ, ಸೊಂಟದ ಪಕ್ಕಕ್ಕೆ ಒಯ್ದಳು. ಮುತ್ತೂ ಆಗಬಹುದು ಎಂದಳು. ಆಮೇಲೆ ನನ್ನನ್ನು ಕಿಟಕಿಯ ಹತ್ತಿರ ಕರೆದು, "ಅಕ್ಕಾ, ಬೆನ್ನು ಬ್ಯಾಡ. ಕುಪ್ಪಸ ತೆಗಿಯೋ ಸೀನ್ ಅದ ನೋಡ್ರಿ, ಅದು ಬ್ಯಾಡ" ಎಂದಳು.

"ಸರಿ, ಬೇಡ. ಕಾರಣ ಹೇಳಬೇಕಾಗಿಲ್ಲ."

"ಹೇಳ್ತೀನಿ ತಗೋರಿ. ಅಪ್ಪ ನಕೋ, ಬ್ಯಾಡ ಅಂತಿದ್ದ ಈ ಲೈನೇ. ತಲಿ ತಗ್ಗಿಸೋ ಅಂಥದ್ದು ಒಂದೂ ಮಾಡಲ್ಲ ಅಂತ ಅವನ ಕೈ ಮುಟ್ಟಿ ಹೇಳೀನಿ. ಅದೊಂದು ಮಾತಿನ ಮ್ಯಾಲ ಬಿಟ್ಟಾನ ನನ್ನ. ಮುತ್ತು ಕೊಡೋದು ಹ್ಯಾಂಗೋ ತಿಳಿಸಿ ಹೇಳೀನಿ. ಇದು ಆದ್ರ ಮನಿ ಬಾಗಿಲ ಬಂದ್ ನಂಗ."

ಅವಳ ಮುಂಗೈ ಮೇಲೆ ಹಸಿರು ಹಚ್ಚೆ ಇತ್ತು. ಒಂದು ಚೇಳು, ಅದರ ಸುತ್ತ ಐದು ಚುಕ್ಕೆ. ಅವಳ ಮನೆಯ ಹೆಂಗಸರೆಲ್ಲರ ಕೈಯಲ್ಲೂ ಅದೇ ಚೇಳಂತೆ. ಊರಿಗೆ ಹೋದಾಗ ಅವಳು ಅತ್ತರೂ ಬಿಡದೆ ಅಜ್ಜಿ ಹಾಕಿಸಿದ್ದು. "ಸತ್ತಾಗ ಜೋಡಿ ಬರೋದು ಹಚ್ಚಿಬಟ್ಟು ಒಂದೇ, ಬಂಗಾರ ಬರಲ್ಲ ಅಂತಿದ್ಳು ಆಯಿ" ಎಂದು ನಕ್ಕಳು. ಅವಳು ಚಿಕ್ಕಪುಟ್ಟ ಪಾತ್ರ ಮಾಡಿದ ಸೀರಿಯಲ್‌ನವರು ಅದನ್ನು ಮೇಕಪ್ಪಿನಲ್ಲಿ ಮುಚ್ಚಿಸುತ್ತಿದ್ದರು. ಈ ಡೈರೆಕ್ಟರ್ ಮಾತ್ರ ಅದನ್ನು ಕಂಡು ಕುಣಿದಾಡಿದ್ದ. ಕಥೆಯೊಳಗೂ ಸೇರಿಸಿಬಿಟ್ಟಿದ್ದ. ನಾಯಕ ಪ್ರತಿ ಸಲ ಆ ಚೇಳನ್ನು ಮುಟ್ಟಿ ಮಾತಾಡುತ್ತಾನೆ.

ಡೈರೆಕ್ಟರಿಗೆ ನಾನು ಭಾಗ್ಯಳ ಮಾತು ತಿಳಿಸಿದೆ. ಹಣ್ಣಾದ ಗಡ್ಡ, ಮೆತ್ತಗಿನ ಮಾತು, ಎಲ್ಲರನ್ನೂ 'ದೀದಿ', 'ಭಾಯಿ' ಎನ್ನುವ ಮನುಷ್ಯ. "ದೀದಿ, ಹಂಡ್ರೆಡ್ ಪರ್ಸೆಂಟ್. ಅವಳ ನೋ ಅಂದ್ರೆ ನೋ" ಎಂದು ಎದೆಯ ಮೇಲೆ ಕೈ ಇಟ್ಟುಕೊಂಡ. ಇಷ್ಟು ಸಲೀಸಾಗಿ ಒಪ್ಪಿದ್ದನ್ನು ನಾನು ಆವರೆಗೆ ಕಂಡಿರಲಿಲ್ಲ. ಮಹಾ ಸಂತೋಷವಾಯಿತು ನನಗೆ, ದಡ್ಡಿಗೆ!

ಟ್ಬಿಲಿಸಿ, ಲಿಫ್ಟಿನ ಮುಂದೆ

ಟ್ಬಿಲಿಸಿ ಆ ದೇಶದ ರಾಜಧಾನಿ. ವಿಮಾನ ನಿಲ್ದಾಣದಿಂದ ಕರೆದೊಯ್ದ ಟ್ಯಾಕ್ಸಿಯವನು ಚರ್ಚು ಕಂಡಾಗಲೆಲ್ಲ ಸ್ಟಿಯರಿಂಗ್ ಬಿಟ್ಟು ಎದೆಯ ಮೇಲೆ ಮೂರು ಮೂರು ಸಲ ಶಿಲುಬೆ ಗುರುತು ಹಾಕಿಕೊಳ್ಳುತ್ತಿದ್ದ. ಆ ಊರಿನಲ್ಲಿ ಮಾರಿಗೊಂದು ಚರ್ಚು. ನಾನು ಸೀಟಿನ ಅಂಚು ಬಿಗಿಯಾಗಿ ಹಿಡಿದು ಕೂತೆ. ನಮ್ಮ ರಿಕ್ಷಾದವರೂ ಗಣಪತಿ ಮಂದಿರದ ಮುಂದೆ ಕೈ ಮುಗಿಯುತ್ತಾರೆ, ಆದರೆ ಹ್ಯಾಂಡಲಿನ ಮೇಲೆ ಒಂದು ಕೈಯಾದರೂ ಇರುತ್ತದಪ್ಪ.

ನಮ್ಮನ್ನು ಇಳಿಸಿದ್ದು ಹಳೆಯ ರಷ್ಯನ್ ಕಾಲದ ಕಟ್ಟಡವೊಂದರಲ್ಲಿ. ಗೋಡೆಯ ಗಾರೆ ಕಿತ್ತು, ಬಾಲ್ಕನಿಗಳಿಗೆ ತಗಡು ಬಡಿದು, ಥೇಟ್ ಡೊಂಬಿವಲಿಯ ಹಳೇ ಬಿಲ್ಡಿಂಗುಗಳ ಅಕ್ಕನಂತಿತ್ತು. ಲಿಫ್ಟಿನೊಳಗೆ ಹೋಗಿ ಗುಂಡಿ ಒತ್ತಿದರೆ ಅದು ಜಪ್ಪಯ್ಯ ಅನ್ನಲಿಲ್ಲ. ಒತ್ತಿದೆ, ಗುದ್ದಿದೆ, ಬೈದೆ. ಕೈಯಲ್ಲಿ ಬ್ರೆಡ್ಡು ಹಿಡಿದ ಅಜ್ಜಿಯೊಬ್ಬಳು ಒಳಗೆ ಬಂದು, ನನ್ನನ್ನು ಮೇಲಿಂದ ಕೆಳಗೆ ನೋಡಿ, ಗೋಡೆಯ ಡಬ್ಬಿಯೊಳಗೆ ನಾಣ್ಯ ಹಾಕಿದಳು. ಲಿಫ್ಟು ನರಳುತ್ತಾ ಮೇಲೇರಿತು. ಅಲ್ಲಿ ಲಿಫ್ಟಿಗೆ ಕಾಣಿಕೆ ಹಾಕಬೇಕು! ಯಾರೇ ಆಗಲಿ, ಹಾಕಿದವರು ಏರಬಹುದು. ನಮ್ಮ ಐರೋಲಿಯ ಸೊಸೈಟಿಯಲ್ಲಿ ಲಿಫ್ಟು ಪುಕ್ಕಟೆ, ಆದರೆ ಮನೆಗೆಲಸದವರು ಹತ್ತಬಾರದೆಂದು ಬೋರ್ಡು ಇದೆ. ಆ ಬೋರ್ಡಿನ ಎದುರು ದಿನಾ ನಿಂತವಳು ನಾನು, ಅದು ಕಣ್ಣಿಗೆ ಬಿದ್ದದ್ದು ಪರದೇಶದ ಲಿಫ್ಟಿನಲ್ಲಿ.

ಅಲ್ಲಿನ ವ್ಯವಸ್ಥೆ, ಭಾಷೆ ಎರಡನ್ನೂ ನೋಡಿಕೊಳ್ಳುತ್ತಿದ್ದವಳು ಏಕಾ ಎಂಬ ಹೆಂಗಸು. ನನ್ನದೇ ವಯಸ್ಸು, ಒಂದು ಮಾತಿಗೆ ಎರಡು ಸಿಗರೇಟು. ಇಂಗ್ಲಿಷ್ ಚೆನ್ನಾಗಿತ್ತು. ನನ್ನ ಕೆಲಸ ಏನೆಂದು ಕೇಳಿದವಳು, ನಾನು ವಿವರಿಸಿದ ಮೇಲೆ, "ನಿಮ್ಮ ಡೈರೆಕ್ಟರ್ ನಿನ್ನ ಮಾತು ಕೇಳುತ್ತಾನಾ?" ಎಂದಳು. ಕೇಳುತ್ತಾನೆ ಎಂದೆ. ಏಕಾ ಹೊಗೆ ಬಿಟ್ಟು ಇನ್ನೊಂದು ಸಿಗರೇಟು ಹಚ್ಚಿದಳು.

ಗಂಧಕದ ನೀರು

ಶೂಟಿಂಗ್ ಇಲ್ಲದ ದಿನ ಏಕಾ ನಮ್ಮಿಬ್ಬರನ್ನು ಬಿಸಿನೀರಿನ ಸ್ನಾನದ ಮನೆಗೆ ಕರೆದೊಯ್ದಳು. ನೆಲದಡಿಯಿಂದ ಬರುವ ಗಂಧಕದ ನೀರು. ಕೊಳೆತ ಮೊಟ್ಟೆಯ ವಾಸನೆ ಬಾಗಿಲಲ್ಲೇ ಮೂಗಿಗೆ ಹೊಡೆಯಿತು. ಹೆಂಗಸರ ಕಡೆ ಹೋಗಿ ನೋಡುತ್ತೇನೆ, ದೊಡ್ಡ ಹಾಲ್ ತುಂಬ ಮುದುಕಿಯರು, ನಡುವಯಸ್ಸಿನವರು, ಹುಡುಗಿಯರು, ಒಬ್ಬರ ಮೈಮೇಲೂ ನೂಲಿನೆಳೆ ಇಲ್ಲ! ಕಲ್ಲಿನ ಕಟ್ಟೆಯ ಮೇಲೆ ಕೂತು ಹರಟುತ್ತಿದ್ದಾರೆ. ಸಂಜೆಯ ಲೋಕಲ್ ರೈಲಿನ ಲೇಡೀಸ್ ಡಬ್ಬದಲ್ಲಿ ಬಟಾಣಿ ಬಿಡಿಸುತ್ತಾ ಸೊಸೆಯಂದಿರನ್ನು ಬೈಯುವ ಹೆಂಗಸರ ಮುಖದಲ್ಲಿರುವ ಅದೇ ಆರಾಮ.

ಹೊಟ್ಟೆಪಾಡಿಗೆ ಇನ್ನೊಬ್ಬರ ಬೆತ್ತಲೆಯನ್ನು ಅಳೆದು ಕಾಯುವ ನಾನು ಪೆಟಿಕೋಟಿನ ಲಾಡಿ ಬಿಚ್ಚಲಾರದೆ ಮೂಲೆಯಲ್ಲಿ ನಿಂತುಬಿಟ್ಟೆ. ಮೈ ಉಜ್ಜುವ ದಢೂತಿ ಹೆಂಗಸೊಬ್ಬಳು ಬಂದು ಪೆಟಿಕೋಟಿನ ತುದಿ ಹಿಡಿದು ಏನೋ ಕೇಳಿದಳು. ಸುತ್ತಲಿನವರೆಲ್ಲ ಬಿದ್ದು ಬಿದ್ದು ನಕ್ಕರು. "ನೀನು ಕೆಟ್ಟ ಕಾಯಿಲೆ ಮುಚ್ಚಿಟ್ಟಿದ್ದೀಯಾ ಎಂದು ಕೇಳುತ್ತಿದ್ದಾಳೆ" ಎಂದಳು ಏಕಾ. ನನಗೆ ಅವಮಾನವಾಗಿ ಪಿತ್ತ ನೆತ್ತಿಗೇರಿತು. ಆದರೂ ಬಿಚ್ಚಲಿಲ್ಲ. ಪೆಟಿಕೋಟಿನಲ್ಲೇ ನೀರಿಗಿಳಿದೆ.

ಭಾಗ್ಯ ಮಾತ್ರ ಎಲ್ಲ ಬಿಚ್ಚಿಟ್ಟು, ಕೂದಲು ಗಂಟು ಹಾಕಿ, ಕಟ್ಟೆಯ ಮೇಲೆ ಬೋರಲು ಮಲಗಿದಳು. ಉಜ್ಜುವವಳು ಒರಟು ಚೀಲದಿಂದ ಅವಳ ಬೆನ್ನು ತಿಕ್ಕಿ ತಿಕ್ಕಿ ಕೆಂಪು ಮಾಡಿದಳು. ಭಾಗ್ಯಳಿಗೆ ಕಣ್ಣು ಮುಚ್ಚಿಕೊಂಡು ಸುಖ.

"ಏನೇ ಹುಡುಗಿ, ಕ್ಯಾಮೆರಾಕ್ಕೆ ತೋರಿಸಲಿಕ್ಕಿಲ್ಲ ಅಂತಿ, ಇಲ್ಲಿ ಇಡೀ ಊರಿಗೆ ತೋರಿಸ್ತಾ ಇದ್ದಿ?" ಎಂದೆ.

"ಇಲ್ಲಿ ಯಾರು ನೋಡ್ಲಕತ್ಯಾರ ಅಕ್ಕಾ? ಎಲ್ಲರೂ ತಮ್ಮ ತಮ್ಮ ಹೊಲಸು ತೆಗಿಲಕತ್ಯಾರ" ಎಂದಳು ಕಣ್ಣು ತೆರೆಯದೆ. "ನಮ್ಮ ಮನ್ಯಾಗ ಜಳಕದ ಮೋರಿಗಿ ಒಂದು ಪರದಾ ಅದ ನೋಡ್ರಿ, ಅದರ ಹಿಂದ ಸೀರಿ ಸುತ್ಕೊಂಡೇ ಜಳಕ ಮಾಡಬೇಕು. ಹುಟ್ಟಿದಾಗಿಂದ ಇಷ್ಟು ಆರಾಮ ನಾ ಮೈ ತೊಳ್ಕೊಂಡಿಲ್ಲ. ನೋಡಿ ಬಿಟ್ಟುಬಿಡೋರಿಗಿ ನಾಚಿಕಿ ಯಾಕ? ಕ್ಯಾಮರಾ ಬಿಡಂಗಿಲ್ಲಲ್ಲ, ಇಟ್ಕೋತದ."

ಎಷ್ಟು ಕ್ಲಾಸು ಕೇಳಿದ್ದೆ ನಾನು, ನನ್ನ ಕೆಲಸ ಯಾಕೆ ಬೇಕು ಎಂಬುದರ ಮೇಲೆ! ಇಷ್ಟು ನೇರವಾಗಿ ಯಾರೂ ಹೇಳಿರಲಿಲ್ಲ. ಅವಳ ಮೇಲೆ ಮಗಳ ಹಾಗೆ ಪ್ರೀತಿ ಉಕ್ಕಿ ಬಂತು. ಇವಳ ಮಾತು ಕಾಯದಿದ್ದರೆ ನಾನು ಈ ಕೆಲಸಕ್ಕೆ ನಾಲಾಯಕ್ಕು ಎಂದುಕೊಂಡೆ.

ಹಾಸಿಗೆಯ ದೃಶ್ಯ

ಆ ದೃಶ್ಯ ನಡೆದದ್ದು ಹಳೆಯ ಮನೆಯೊಂದರ ಮಹಡಿಯಲ್ಲಿ. ಕೋಣೆಯೊಳಗೆ ಕ್ಯಾಮೆರಾದವನು, ಮೈಕ್ ಹಿಡಿದವಳು, ಡೈರೆಕ್ಟರ್ ಮತ್ತು ನಾನು, ಇಷ್ಟೇ ಜನ. ಶಾಟ್ ಕಾಣುವ ಹೊರಗಿನ ಟಿವಿ ಪರದೆಗಳಿಗೆಲ್ಲ ಕಪ್ಪು ಬಟ್ಟೆ ಹೊದಿಸಿದ್ದೆ. ಇಬ್ಬರ ನಡುವೆ ಕ್ಯಾಮೆರಾಕ್ಕೆ ಕಾಣದ ಹಾಗೆ ತೆಳು ದಿಂಬು. ಪ್ರತಿ ಶಾಟ್ ಮುಗಿದ ಕೂಡಲೇ ಭಾಗ್ಯಳಿಗೆ ಹೊದೆಯಲು ಉಣ್ಣೆಯ ನಿಲುವಂಗಿ ಹಿಡಿದು ನಿಂತಿದ್ದೆ. ವಾಗ್ಳೆ ಎಸ್ಟೇಟಿನಲ್ಲಿ ಒಪ್ಪಿದ್ದು ಒಪ್ಪಿದ ಹಾಗೆಯೇ ನಡೆಯಿತು. ಡೈರೆಕ್ಟರ್ ಒಂದು ಸಲವೂ "ಸ್ವಲ್ಪ ಇನ್ನೂ..." ಎನ್ನಲಿಲ್ಲ. ಪ್ಯಾಕಪ್ ಆದಾಗ ಎಲ್ಲರೂ ಚಪ್ಪಾಳೆ ತಟ್ಟಿದರು.

ಮರುದಿನ ಭಾಗ್ಯ, ನಾಯಕ ಇಬ್ಬರೂ ಮುಂಬೈಗೆ ಹೊರಟರು. ನನ್ನನ್ನು ಮಾತ್ರ ಒಂದು ದಿನ ನಿಲ್ಲಿಸಿಕೊಂಡರು. ಅಲ್ಲಿಯ ನಟಿಯೊಬ್ಬಳ ಚಿಕ್ಕ ದೃಶ್ಯವಿದೆ, ನೀವಿದ್ದರೆ ಅವಳಿಗೂ ಧೈರ್ಯ ಎಂದರು. ಕರೆದರಲ್ಲ ಎಂದು ನನಗೆ ಹೆಮ್ಮೆಯೇ ಆಯಿತು. ವಿಮಾನ ನಿಲ್ದಾಣದಲ್ಲಿ ಭಾಗ್ಯ ನನ್ನ ಎರಡೂ ಕೈ ಹಿಡಿದುಕೊಂಡು, "ಅಕ್ಕಾ, ಅಪ್ಪಗ ಕೂಡಿಸಿ ತೋರಸ್ತೀನಿ ಎಲ್ಲಾ ಎಪಿಸೋಡ್. ಹೆದರಿಕಿ ಇಲ್ದೇ ತೋರಸ್ತೀನಿ" ಎಂದಳು. ಬಿಕ್ಕಿ ಬಿಕ್ಕಿ ಅತ್ತಳು. ನಾನೂ ಅತ್ತೆ. ಖುಷಿಯ ಅಳು ಅದು, ಇಬ್ಬರದೂ.

ಉಳಿದ ಒಂದು ದಿನ

ಮೇಕಪ್ ಕೋಣೆಯ ಬಾಗಿಲು ತೆರೆದೆ. ಅಲ್ಲಿಯ ನಟಿ ಕುರ್ಚಿಯಲ್ಲಿ ಕೂತಿದ್ದಳು. ನೀನೋ ಎಂದು ಹೆಸರು, ಯಾವುದೋ ಸಣ್ಣ ನಾಟಕ ಮಂಡಳಿಯವಳು. ಮೈಗೆ ಒಂದು ಬಣ್ಣ ಬಳಿದಾಗಿತ್ತು, ಭಾಗ್ಯಳ ಮೈಬಣ್ಣ. ತಲೆಯ ಮೇಲೆ ಉದ್ದನೆಯ ಕಪ್ಪು ಜಡೆ. ನಮ್ಮ ಮೇಕಪ್ ದಾದಾ ಅವಳ ಮುಂಗೈ ಮೇಲೆ ಬಗ್ಗಿ ಸಣ್ಣ ಕುಂಚದಿಂದ ಏನೋ ತಿದ್ದುತ್ತಿದ್ದ. ಹತ್ತಿರ ಹೋಗಿ ನೋಡಿದೆ. ಹಸಿರು ಚೇಳು. ನಾಲ್ಕು ಚುಕ್ಕೆ ಇಟ್ಟಾಗಿತ್ತು, ಐದನೆಯದನ್ನು ಇಡುತ್ತಿದ್ದ.

ಏನು ನಡೆಯುತ್ತಿದೆ ಎಂದು ನನಗೆ ಯಾರೂ ಹೇಳಬೇಕಾಗಲಿಲ್ಲ. ಅಲ್ಲೇ ಪೆಟ್ಟಿಗೆಯೊಂದರ ಮೇಲೆ ಕೂತುಬಿಟ್ಟೆ. ಆಮೇಲೆ ಎದ್ದು ನೇರ ಡೈರೆಕ್ಟರ್ ಹತ್ತಿರ ಹೋಗಿ ಬಾಯಿಗೆ ಬಂದದ್ದು ಅಂದೆ. ಅವನು ಕಾಫಿ ಕೆಳಗಿಟ್ಟು ಪೂರ್ತಿ ಕೇಳಿಸಿಕೊಂಡ.

"ದೀದಿ, ಭಾಗ್ಯ ತನ್ನ ಬೆನ್ನು ತೋರಿಸಲ್ಲ ಅಂದಳು. ತೋರಿಸಿದೆನಾ? ಡ್ಯೂಪ್ ಹಾಕಬೇಡಿ ಅಂತ ಹೇಳಿದ್ದಳಾ? ಅವಳ ಪರವಾಗಿ ಸಹಿ ಹಾಕುವ ಏಜೆನ್ಸಿ ಡ್ಯೂಪಿಗೆ ಒಪ್ಪಿದೆ."

"ಅವಳಿಗೆ ಗೊತ್ತಿದೆಯಾ?"

"ಏಜೆನ್ಸಿಗೆ ಗೊತ್ತಿದೆ."

"ಹಾಗಾದರೆ ಆ ಚೇಳನ್ನಾದರೂ ಅಳಿಸಿ. ನಿಮ್ಮ ಕಾಲು ಹಿಡಿಯುತ್ತೇನೆ."

"ಚೇಳಿಲ್ಲದಿದ್ದರೆ ಅದು ಯಾರ ಬೆನ್ನೋ ಆಗುತ್ತಲ್ಲ, ದೀದಿ" ಎಂದ. ಅಷ್ಟೇ ಮೆತ್ತಗಿನ ದನಿಯಲ್ಲಿ.

ನೀನು ಚಾಪೆ ಕೆಳಗೆ ತೂರಿದರೆ ಅವನು ರಂಗೋಲಿ ಕೆಳಗೆ ತೂರುತ್ತಾನೆ ಎಂಬ ಗಾದೆ ನಮ್ಮಲ್ಲಿದೆ. ತೂರುವವನನ್ನು ಕಣ್ಣಾರೆ ಕಂಡದ್ದು ಅಂದು. ನಾನು ಇರುವುದಿಲ್ಲ, ಹೋಗುತ್ತೇನೆ ಎಂದು ಕೂಗಾಡಿದೆ. "ಹೋಗಿ. ನೀವು ಬೇಕೆಂದು ನೀನೋ ಕೇಳಿಲ್ಲ, ಅವಳ ಒಳ್ಳೆಯದಕ್ಕೆ ನಾನೇ ನಿಮ್ಮನ್ನು ನಿಲ್ಲಿಸಿಕೊಂಡೆ. ನೀವಿಲ್ಲದೆಯೂ ಮಾಡುತ್ತಾಳೆ" ಎಂದ. ಭಾಗ್ಯಳಿಗೆ ಫೋನ್ ಮಾಡಿದೆ. ಮತ್ತೆ ಮತ್ತೆ ಮಾಡಿದೆ. ಸ್ವಿಚ್ ಆಫ್. ಅವಳಿನ್ನೂ ದಾರಿಯಲ್ಲಿದ್ದಳು.

ನೀನೋ ಹತ್ತಿರ ಹೋದೆ. ಏಕಾಳನ್ನು ಕರೆದು ಎಲ್ಲವನ್ನೂ ಹೇಳಿಸಿದೆ. ಆ ಹಚ್ಚೆ ಯಾರದ್ದು, ಆ ಹುಡುಗಿ ಏನು ಬೇಡವೆಂದಿದ್ದಳು, ಯಾಕೆ, ಎಲ್ಲವನ್ನೂ. ನಡುವೆ ಏಕಾ ಅನುವಾದ ನಿಲ್ಲಿಸಿ ಸಿಗರೇಟು ಹಚ್ಚಿದಳು, ಅರ್ಧಕ್ಕೆ ಎಸೆದಳು, ಮತ್ತೆ ಮುಂದುವರಿಸಿದಳು. ನೀನೋ ತನ್ನ ಕೈಯ ಚೇಳನ್ನೇ ನೋಡುತ್ತಾ ಕೂತಿದ್ದಳು.

"ನಾನು ಆಗುವುದಿಲ್ಲ ಎಂದರೆ?" ಎಂದು ಕೇಳಿದಳು.

"ಸಂಜೆಯೊಳಗೆ ಇನ್ನೊಬ್ಬಳನ್ನು ತರುತ್ತಾರೆ."

"ಚಳಿಗಾಲದಲ್ಲಿ ನಮ್ಮ ನಾಟಕ ನಡೆಯುವುದಿಲ್ಲ. ಮನೆಯಲ್ಲಿ ಮಗಳಿದ್ದಾಳೆ" ಎಂದು ಏಕಾಳ ಬಾಯಿಂದ ಬಂತು. "ಮಾಡುತ್ತೇನೆ. ಆ ಹುಡುಗಿಗೆ ಕ್ಷಮಿಸು ಎಂದು ಹೇಳು. ನೀನು ಇರುತ್ತೀಯಾ, ಹೋಗುತ್ತೀಯಾ?"

ಅಡಕತ್ತರಿಯಲ್ಲಿ ಸಿಕ್ಕಿದ ಅಡಿಕೆ ನಾನು. ಹೋದರೆ ಈ ಹೆಂಗಸು ಗೊತ್ತಿಲ್ಲದ ಗಂಡಸರ ಮುಂದೆ ಒಬ್ಬಳೇ. ನಿಂತರೆ ಭಾಗ್ಯಳ ಮಾತಿನ ಮೇಲೆ ಮಣ್ಣು ಎಳೆಯುವುದಕ್ಕೆ ನನ್ನದೂ ಒಂದು ಕೈ. ನಿಂತೆ. ಪರದೆಗಳಿಗೆ ಬಟ್ಟೆ ಹೊದಿಸಿದೆ, ಬೇಡದವರನ್ನು ಹೊರಗೆ ಹಾಕಿದೆ, ಹೀಟರ್ ಹತ್ತಿರಕ್ಕೆ ಎಳೆದೆ, ನಿಲುವಂಗಿ ಹಿಡಿದೆ. ಕ್ಯಾಮೆರಾ ನೀನೋಳ ಬೆನ್ನಿನ ಉದ್ದಕ್ಕೂ ನಿಧಾನವಾಗಿ ಏರಿ, ಹೆಗಲ ಮೇಲೆ ಅವಳಿಟ್ಟುಕೊಂಡ ಕೈಗೆ ಬಂದು, ಚೇಳಿನ ಮೇಲೆ ನಿಂತಿತು. ಯಾರೂ ಒಂದು ಕೆಟ್ಟ ಮಾತಾಡಲಿಲ್ಲ, ಯಾರೂ ಮುಟ್ಟಬಾರದ ಕಡೆ ಮುಟ್ಟಲಿಲ್ಲ. ಅಷ್ಟು ಚೊಕ್ಕವಾಗಿ ನಡೆದ ಶೂಟಿಂಗನ್ನು ನಾನು ಬೇರೆ ಕಂಡಿಲ್ಲ.

ಸಂಜೆ ಭಾಗ್ಯಳ ಫೋನು ತಾಗಿತು. ಹೇಳಿದೆ. ಹಿಂದಿನಿಂದ ವಿಠ್ಠಲವಾಡಿ ಸ್ಟೇಷನ್ನಿನ ಅನೌನ್ಸ್‌ಮೆಂಟು ಕೇಳುತ್ತಿತ್ತು.

"ಹಚ್ಚಿನೂ ಹಾಕಿದ್ರಾ ಅಕ್ಕಾ?"

"ಹಾಕಿದರು."

"ಚುಕ್ಕಿ?"

"ಅದೂ."

ಫೋನ್ ಇಟ್ಟಳು.

ವಿಠ್ಠಲವಾಡಿ

ಬಂದ ಮೇಲೆ ನಾನು ಹತ್ತದ ಮೆಟ್ಟಿಲಿಲ್ಲ. ನಿರ್ಮಾಪಕರ ಆಫೀಸು, ಏಜೆನ್ಸಿ, ಕಲಾವಿದರ ಸಂಘ. ಎಲ್ಲ ಕಡೆ ನೀರು ಕೊಟ್ಟರು, ಕೂರಿಸಿದರು, ನೋಡೋಣ ಎಂದರು. ಏಜೆನ್ಸಿಯವಳು "ಹುಡುಗಿಗೆ ಕೆರಿಯರ್ ಬೇಕಾ, ಕೇಸ್ ಬೇಕಾ?" ಎಂದು ಕೇಳಿದಳು. ಜೊತೆಗೆ ಬಂದಿದ್ದ ಭಾಗ್ಯ ಎದ್ದು ಹೊರಟಳು. ಸೀರೀಸು ಬಂತು. ಜಾಹೀರಾತಿನ ತುಣುಕಿನಲ್ಲೇ ಆ ಬೆನ್ನು, ಆ ಕೈ. ಕೊನೆಯಲ್ಲಿ ಓಡುವ ಹೆಸರುಗಳಲ್ಲಿ ನೀನೋಳ ಹೆಸರೂ ಇತ್ತು. ಹೆಸರು ಬರುವಷ್ಟರಲ್ಲಿ ಮುಂದಿನ ಎಪಿಸೋಡು ಶುರುವಾಗುತ್ತದೆ, ಓದುವವರು ಯಾರು?

ಅವಳ ಮನೆಗೆ ನಾನೇ ಹೋದೆ, ಸತ್ಯ ಹೇಳಿ ಬರಲು. ತಾಯಿ ಜೀನ್ಸಿನ ರಾಶಿಯ ನಡುವೆ ಕೂತು ದಾರ ಕತ್ತರಿಸುತ್ತಿದ್ದಳು. ಅಪ್ಪ ಗೋಡೆಗೆ ಒರಗಿ ಕೂತಿದ್ದ. ಮಗಳೊಡನೆ ಮಾತು ಬಿಟ್ಟಿದ್ದ. ಮಾರ್ಕೆಟ್ಟಿನಲ್ಲಿ ಜೊತೆಯ ಹಮಾಲಿಗಳು ಮೊಬೈಲಿನಲ್ಲಿ ತೋರಿಸಿ, "ಯಜಮಾನ, ನಿನ್ನ ಮಗಳಲ್ಲ?" ಎಂದಿದ್ದರಂತೆ. ನಾನು ಜಾರ್ಜಿಯಾ, ನೀನೋ, ಬಣ್ಣ, ಎಲ್ಲವನ್ನೂ ಬಿಡಿಸಿ ಹೇಳಿದೆ. ನನ್ನ ಮಕ್ಕಳ ಮೇಲೆ ಆಣೆ ಇಟ್ಟೆ.

ತಾಯಿ ಕತ್ತರಿ ಕೆಳಗಿಟ್ಟು ತನ್ನ ಕೈಯ ಚೇಳನ್ನು ನೋಡಿಕೊಂಡಳು. "ಇದನ್ನ ಬಣ್ಣದಾಗ ಬರೀತಾರೇನ್ರಿ ಅಕ್ಕಾರ? ಇದು ಬರಿಯೋ ಅಂಥದ್ದೇನ್ರಿ?" ಎಂದಳು. ನನ್ನನ್ನು ನಂಬಿದಳೋ ಇಲ್ಲವೋ ತಿಳಿಯಲಿಲ್ಲ.

ಅಪ್ಪ ನಂಬಿದ. ಅದೇ ಹೆಚ್ಚು ಕಷ್ಟವಾಯಿತು. "ನೀವು ಹೇಳಿದ್ದು ಖರೆ ಇರಬೇಕ್ರಿ. ನನ್ನ ಮಗಳು ಸುಳ್ಳು ಹೇಳಾಕಿ ಅಲ್ಲ" ಎಂದ. "ಆದ್ರ ನಾ ನಾಳಿ ಮಾರ್ಕೆಟಿಗಿ ಹೋಗಿ ಏನು ಹೇಳ್ಲಿ? ಬೆನ್ನು ಬ್ಯಾರೆದಾಕಿದು, ಕೈ ಬ್ಯಾರೆದಾಕಿದು, ಹಚ್ಚಿ ಅಷ್ಟೇ ನಮ್ದು ಅಂತ ಹೇಳ್ಲಾ? ನಗ್ತಾರ್ರಿ ಮಂದಿ."

ಊರ ಬಾಯಿಗೆ ಮುಚ್ಚಳ ಹಾಕಲಾಗುತ್ತದೆಯೇ? ನಾನು ತಲೆ ತಗ್ಗಿಸಿ ಕೂತೆ. ಅಪ್ಪ ಎದ್ದು, ಮಗಳ ಕಡೆ ನೋಡದೆ ಚಪ್ಪಲಿ ಮೆಟ್ಟಿ ಹೊರಗೆ ಹೋದ.

ಭಾಗ್ಯ ನನ್ನನ್ನು ಸ್ಟೇಷನ್ನಿನವರೆಗೆ ಬಿಡಲು ಬಂದಳು. ಸೇತುವೆಯ ಮೇಲೆ ಜನ ತಿರುಗಿ ತಿರುಗಿ ನೋಡುತ್ತಿದ್ದರು. ಇಬ್ಬರು ಗಂಡಸರು ಅವಳ ಮುಖ ನೋಡಿ ಆಮೇಲೆ ಕೈ ನೋಡಿದರು. ಅವಳು ಅಂಗಿಯ ತೋಳು ಕೆಳಗೆ ಎಳೆದುಕೊಳ್ಳಲಿಲ್ಲ. ಪ್ಲ್ಯಾಟ್‌ಫಾರ್ಮಿನ ಬೆಂಚಿನ ಮೇಲೆ ಕೂತಾಗ, "ಅಕ್ಕಾ, ಇನ್ನೊಂದು ಸೀರೀಸ್ ಸಿಕ್ಕದ. ಭಾಳ ಛಲೋ ರೋಲ್ ಅದ" ಎಂದಳು.

ನನಗೆ ಜೀವ ಬಂದ ಹಾಗಾಯಿತು. "ಈ ಸಲ ಡ್ಯೂಪಿನ ವಿಷಯ ಮೊದಲೇ ಮಾತಾಡುವ. ವಕೀಲರನ್ನು ನಾನು ನೋಡ್ತೇನೆ. ಒಂದು ಸಣ್ಣ ಸಂದು ಕೂಡ ಬಿಡುದು ಬೇಡ" ಎಂದೆ.

"ಡ್ಯೂಪ್ ಬ್ಯಾಡ ಅಂತ ಹೇಳೀನಿ."

"ಭೇಷ್!"

"ನಾನೇ ತೋರಸ್ತೀನಿ ಅಂದೀನಿ. ಬೆನ್ನು ಒಂದೇ ಅಲ್ಲ."

ನಾನು ಅವಳ ಮುಖ ನೋಡಿದೆ. ಸಿಟ್ಟಿರಲಿಲ್ಲ, ಅಳುವೂ ಇರಲಿಲ್ಲ. ಬಾಜಾರಿನ ಸುದ್ದಿ ಹೇಳುವವಳ ಹಾಗೆ ಕೂತಿದ್ದಳು.

"ಬೇಡ ಅಂದವಳು ನೀನೇ ಅಲ್ವಾ ಭಾಗ್ಯ?"

"ಅಂದೆ. ಅಂದದ್ದು ಯಾರಿಗಿ ಗೊತ್ತದ ಹೇಳ್ರಿ? ನಿಮಗ ಗೊತ್ತದ, ನಂಗ ಗೊತ್ತದ. ಉಳಿದವ್ರೆಲ್ಲ ನೋಡ್ಯಾರ. ಅಪ್ಪಗ ಸುದ್ದಾ ಕಣ್ಣು ಮುಚ್ಚಿದ್ರ ಅದೇ ಕಾಣ್ತದ. ಮಾಡಲಾರದ್ದಕ್ಕ ಬೈಸ್ಕೊಂಡು ಸಾಕಾಗ್ಯಾದ ಅಕ್ಕಾ. ಮಾಡೇ ಬೈಸ್ಕೋತೀನಿ." ಸ್ವಲ್ಪ ತಡೆದು, "ನೀವೇ ಬರ್ರಿ ನನ್ನ ಜೋಡಿ. ಬ್ಯಾರೆ ಯಾರ ಮುಂದೂ ನಂಗ ಆಗಂಗಿಲ್ಲ" ಎಂದಳು.

ಲೋಕಲ್ ಬಂದು ನಿಂತಿತು. ಯೋಚಿಸು, ಹೀಗೆ ಮಾಡಬೇಡ, ಇನ್ನೊಂದು ಸಲ ಬೇಡವೆಂದು ಹೇಳಿ ನೋಡು ಎನ್ನಬೇಕಿತ್ತು. ಆದರೆ ಬೇಡವೆಂದದ್ದನ್ನು ನಾನು ಹೇಗೆ ಕಾದೆ ಎಂದು ಅವಳು ನೋಡಿ ಆಗಿತ್ತು. ಬರುತ್ತೇನೆ ಎಂದು ಹೇಳಿ ರೈಲು ಹತ್ತಿದೆ.